ಕಾಕಾನ ದುಡಿಮಿಗೆ ಚೀಟಿ ಎಲ್ಲೈತಿ?

ಎಲ್ಲಾರಿಗೂ ನಮಸ್ಕಾರ್ರಿ. ಇವತ್ತು ಮಾತಾಡೋದು ಒಂದು ವಹಿ ಬಗ್ಗೆ. ನೀಲಿ ರಟ್ಟಿನ ಸಣ್ಣ ವಹಿ, ನಮ್ಮ ಕಾಕಾಂದು.

ಕಾಕಾ ತರಕಾರಿ ಮಾರ್ತಿದ್ದ. ನಸುಕಿನಾಗ ಅಮರಗೋಳ ಎಪಿಎಂಸಿಗೆ ಹೋಗಿ ಮಾಲು ಹಿಡದು, ನಾಕೈದು ಮಂದಿ ಕೂಡಿ ಗೂಡ್ಸ್ ಗಾಡಿ ಮಾಡ್ಕೊಂಡು ಸಂತಿಗೆ ಹೊಂಡ್ತಿದ್ರು. ಒಂದಿನ ಗಾಡಿ ಪಲ್ಟಿ ಆತು, ಕಾಕಾ ತೀರಿಕೊಂಡ. ಕಾಕಾಗ ಆವಾಗ 38 ವರ್ಷ. ಮನ್ಯಾಗ ಚಿಗವ್ವ, ಮೂರು ಹುಡುಗ್ರು.

ಪರಿಹಾರಕ್ಕ ಅಂತ ಹಾಕಿದ ಕೇಸಿನಾಗ, ಕೋರ್ಟಿನಾಗ ಇನ್ಶೂರೆನ್ಸ್ ಕಂಪನಿ ವಕೀಲರು ಚಿಗವ್ವಗ ಎರಡು ಪ್ರಶ್ನೆ ಕೇಳಿದ್ರು. ಗಾಡಿಯಲ್ಲಿದ್ದ ಮಾಲು ನಿಮ್ಮ ಗಂಡನದೇ ಅನ್ನೋದಕ್ಕೆ ಏನು ದಾಖಲೆ? ತಿಂಗಳಿಗೆ ಹದಿನೈದು ಸಾವಿರ ದುಡಿಯುತ್ತಿದ್ದ ಅನ್ನೋದಕ್ಕೆ ಏನು ದಾಖಲೆ? ಚಿಗವ್ವ ಸೆರಗಿನಾಗ ಸುತ್ಗೊಂಡು ತಂದಿದ್ದ ವಹಿ ತಗದು ಕೊಟ್ಟಳು. "ಉಳ್ಳಾಗಡ್ಡಿ 2, ಬದ್ನಿಕಾಯಿ 1, ಬಾಡಿಗಿ 150." ವರ್ಷ ಬರ್ದಿಲ್ಲ, ಸಹಿ ಇಲ್ಲ. ವಕೀಲರು ಎರಡು ಹಾಳಿ ತಿರುವಿ ಹಾಕಿ, "ಇದನ್ನ ಯಾರು ಬೇಕಾದರೂ ಬರೆಯಬಹುದು" ಅಂದ್ರು.

ಮೊದಲ್ನೇ ಪ್ರಶ್ನೆ ಯಾಕ ಕೇಳ್ತಾರ ಗೊತ್ತೇನ್ರಿ? ಗೂಡ್ಸ್ ಗಾಡ್ಯಾಗ ಬರೇ ಪ್ರಯಾಣಿಕ ಆಗಿ ಹತ್ತಿದವರ ಹೊಣಿ ವಿಮಾ ಕಂಪನಿ ಮ್ಯಾಲೆ ಬರಂಗಿಲ್ಲ. ಮಾಲಿನ ಮಾಲಕ ಆಗಿ ಮಾಲಿನ ಜೋಡಿ ಹೊಂಟಿದ್ರ ಬರ್ತೈತಿ. ಮೋಟಾರು ವಾಹನ ಕಾಯಿದೆಗೆ 1994ರಾಗ ಮಾಡಿದ ತಿದ್ದುಪಡಿಯಾಗ ಹಂಗಂತ ಸೇರಿಸ್ಯಾರ. 2025ರ ಜನವರಿ 22ರ ನಸುಕಿನಾಗ ಸವಣೂರಿಂದ ಕುಮಟಾ ಸಂತಿಗೆ ಹೊಂಟಿದ್ದ ಲಾರಿ ಯಲ್ಲಾಪುರದ ಹತ್ರ ಉರುಳಿ 10 ಮಂದಿ ಹೋದ್ರಲ್ಲ, ಅವರೂ ಇದೇ ವ್ಯಾಪಾರದವರು. ಆ ಸುದ್ದಿ ಓದಿದಾಗ ನನಗ ಮೊದಲು ನೆನಪಾಗಿದ್ದು ಈ ವಹಿ.

ಎರಡನೇ ಪ್ರಶ್ನೆ ಇನ್ನೂ ದೊಡ್ಡದು. ಲೆಕ್ಕ ಹೇಳ್ತೀನಿ, ತಾಳ್ಮಿಯಿಂದ ಕೇಳ್ರಿ. 40 ವರ್ಷದೊಳಗಿನ ಸ್ವಂತ ದುಡಿಮಿಯವ ಸತ್ರ ಅವನ ಗಳಿಕಿಗೆ ಶೇ. 40 ಕೂಡಿಸ್ಬೇಕು, ಮುಂದ ಹೆಚ್ಚಿಗಿ ದುಡೀತಿದ್ದ ಅಂತ. ಇದು ಸುಪ್ರೀಂ ಕೋರ್ಟ್ 2017ರಾಗ ಹೇಳಿದ್ದು. ಅವನ ಮ್ಯಾಲೆ ನಾಕು ಮಂದಿ ಬದುಕ್ತಿದ್ರ ಅವನ ಸ್ವಂತ ಖರ್ಚು ಅಂತ ಕಾಲು ಭಾಗ ಕಳೀತಾರ. ಉಳಿದಿದ್ದನ್ನ ವರ್ಷದ್ದು ಮಾಡಿ, 38 ವಯಸ್ಸಿಗೆ 15ರಿಂದ ಗುಣಿಸ್ತಾರ. ಆ ಗುಣಾಕಾರದ ಕೋಷ್ಟಕ ಅದೇ ಸುಪ್ರೀಂ ಕೋರ್ಟಿನ 2009ರ ತೀರ್ಪಿಂದು. ತಿಂಗಳ ಗಳಿಕಿ 15,000 ಅಂತ ಒಪ್ಪಿದ್ರ 28,35,000. ಪುರಾವೆ ಇಲ್ಲ, 10,000 ಅಂದ್ರ 18,90,000. ಒಂಬತ್ತು ಲಕ್ಷ ನಲವತ್ತೈದು ಸಾವಿರ ಕಡಿಮಿ! ಹುಡುಗ್ರ ಸಾಲಿ, ಮುಂದ ಮದುವಿ, ಎಲ್ಲಾ ಅದ್ರಾಗ ಇತ್ತು.

ಪುರಾವೆ ಇಲ್ಲದಾಗ ನಮ್ಮ ರಾಜ್ಯದಾಗ ಕಾನೂನು ಸೇವಾ ಪ್ರಾಧಿಕಾರದ ವರ್ಷವಾರು ಪಟ್ಟಿ ನೋಡಿ ಆದಾಯ ಹಿಡೀತಾರ. ಏನೂ ಇಲ್ಲದವರಿಗೆ ಅದು ಆಸರ, ಖರೇ. ಆದ್ರ ಖರೇನ ಹೆಚ್ಚು ದುಡದವನೂ ಅದರಾಗ ಸಣ್ಣವ ಆಗಿಬಿಡ್ತಾನ.

ಈಗ ನನ್ನ ಎದಿಯಾಗ ಇನ್ನೂ ಚುಚ್ಚೋದು ಹೇಳ್ತೀನಿ. ಕಾಕಾನ ದಿನ ಮುಗಿದ ಮರುದಿನ ದಲಾಲಿ ಅಂಗಡಿ ಹುಡುಗ ಮನಿಗೆ ಬಂದ. ಉದ್ರಿ 4,300 ಬಾಕಿ ಐತಿ ಅಂದ. ಕೈಯಾಗ ಖಾತೆ ಪುಸ್ತಕ. ಯಾವ ತಾರೀಖಿಗೆ ಎಷ್ಟು ಚೀಲ ಒಯ್ದಾನ, ಎಷ್ಟು ರೊಕ್ಕ ಕಟ್ಟ್ಯಾನ, ಎಲ್ಲಾ ಇತ್ತು. ಕಡೀ ದಿನ ನಸುಕಿನಾಗ ಒಯ್ದ ಮಾಲೂ ಇತ್ತು! ಚಿಗವ್ವ ಸೊಸೈಟ್ಯಾಗಿಂದ ಸಾಲ ತಂದು ಬಾಕಿ ತೀರಿಸಿದಳು. ಆ ಖಾತೆ ಕೋರ್ಟಿನಾಗ ಇದ್ದಿದ್ರ ಎರಡೂ ಪ್ರಶ್ನೆಗೆ ಉತ್ತರ ಸಿಗ್ತಿತ್ತು. ನಮಗ ಹೊಳೀಲಿಲ್ಲ. ಯಾರೂ ಹೇಳಲಿಲ್ಲ.

ಅದಕ್ಕ ನನ್ನ ವಾದ ಇಷ್ಟು. ಗಂಡನ್ನ ಕಳ್ಕೊಂಡಾಕಿ ಚೀಟಿ ಹುಡುಕ್ತಾ ಅಡ್ಡಾಡಬಾರದು. 2022ರ ಏಪ್ರಿಲ್‌ನಿಂದ ನಿಯಮ ಐತಿ: ಅಪಘಾತ ಆದ 48 ತಾಸಿನಾಗ ಪೊಲೀಸರು ಮೊದಲ ವರದಿ ಅಪಘಾತ ಪರಿಹಾರದ ಕೋರ್ಟು ಅಂದ್ರ ಟ್ರಿಬ್ಯೂನಲ್‌ಗೆ ಕಳಿಸ್ಬೇಕು, 90 ದಿನದಾಗ ಪೂರ್ತಿ ವರದಿ ಕೊಡ್ಬೇಕು. ಆ ವರದಿನೇ ಪರಿಹಾರದ ಅರ್ಜಿ ಅಂತ ತಗೋಳಾಕ ಕಾಯಿದೆಯಾಗ ಅವಕಾಶ ಐತಿ. ಹಂಗಿದ್ರ ತನಿಖಾಧಿಕಾರಿ ಗಾಡಿಯ ಬ್ರೇಕ್ ನೋಡಿದಂಗ ಸತ್ತವನ ದುಡಿಮಿನೂ ನೋಡ್ಬೇಕು. ದಲಾಲಿ ಅಂಗಡಿಗೆ ಹೋಗಿ ಖಾತೆ ನಕಲು ತರ್ಬೇಕು. ಎಪಿಎಂಸಿಯವರು ಒಂದು ಚೀಲ ಒಯ್ಯೋ ಸಣ್ಣ ವ್ಯಾಪಾರಿಗೂ ಹೆಸರು ಹಾಕಿ ಚೀಟಿ ಕೊಡಿಸ್ಬೇಕು.

ಇನ್ನೊಂದು ಮಾತು. ಮಂತ್ರಿಗಳು ಬಂದು ಚೆಕ್ ಕೊಟ್ರು ಅಂದ್ರ ಪರಿಹಾರ ಮುಗೀತು ಅನ್ಕೋಬ್ಯಾಡ್ರಿ. ಅದು ಸರ್ಕಾರದ ನೆರವು. ಟ್ರಿಬ್ಯೂನಲ್‌ದು ನಿಮ್ಮ ಹಕ್ಕು, ಬ್ಯಾರೇನ ಐತಿ. ಆರು ತಿಂಗಳೊಳಗ ಅರ್ಜಿ ಹಾಕ್ಬೇಕು ಅಂತ ಕಾಯಿದೆ ಹೇಳ್ತೈತಿ, ತಡ ಮಾಡಬ್ಯಾಡ್ರಿ. ಅಪಘಾತ ಎಲ್ಲೇ ಆಗಿರ್ಲಿ, ನೀವಿರೋ ಊರಿನ ಟ್ರಿಬ್ಯೂನಲ್‌ನಾಗೇ ಹಾಕಬಹುದು.

ಮತ್ತ ಉದ್ರಿ ವಸೂಲಿಗೆ ಅಂತ ಯಾರರ ಖಾತೆ ಪುಸ್ತಕ ಹಿಡ್ಕೊಂಡು ನಿಮ್ಮ ಬಾಗಲಿಗೆ ಬಂದ್ರ, ರೊಕ್ಕ ಕೊಡೋಕಿಂತ ಮೊದಲು ಆ ಹಾಳಿಗಳ ಫೋಟೋ ತಕ್ಕೊಳ್ರಿ. ಅಂಗಡಿ ಸಿಕ್ಕಾ ಹಾಕಿಸಿ ನಕಲೂ ಕೇಳ್ರಿ.