ಎದುರಿನವರ ಕಣ್ಣು, ನಮ್ಮ ಗಾಡಿಯ ಬೆಳಕು

ಕೇಳುಗರೆಲ್ಲರಿಗೂ ನಮಸ್ಕಾರ.

ಎಳ್ಳ ಅಮಾವಾಸ್ಯೆಯ ರಾತ್ರಿ ನಮ್ಮ ಭಾಗದ ರಸ್ತೆಗಳು ಹೇಗಿರುತ್ತವೆ ಎಂಬುದನ್ನು ಕಲಬುರಗಿ, ಬೀದರ್, ಯಾದಗಿರಿಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಹೊಲದಲ್ಲಿ ಚರಗ ಚೆಲ್ಲಿ, ಭಜ್ಜಿ, ಸಜ್ಜೆ ರೊಟ್ಟಿ ಉಂಡು, ಹೊತ್ತು ಮುಳುಗಿದ ಮೇಲೆ ಊರಿಗೆ ಊರೇ ಮನೆಯ ಕಡೆ ಹೊರಡುತ್ತದೆ. ಆಕಾಶದಲ್ಲಿ ಚಂದ್ರನಿಲ್ಲ. ಎರಡೂ ಬದಿಗೆ ಎರೆಹೊಲ, ನಡುವೆ ಕಪ್ಪು ಡಾಂಬರು. ಇರುವ ಬೆಳಕೆಂದರೆ ಗಾಡಿಗಳ ಬೆಳಕು ಮಾತ್ರ.

ಕೆಲವು ವರ್ಷಗಳ ಹಿಂದೆ ಅಂಥದೇ ಒಂದು ರಾತ್ರಿ ಜೇವರ್ಗಿ ಕಡೆಯ ತಂಗಿಯ ಹೊಲದಿಂದ ನಾವು ಐದು ಜನ ಕಾರಿನಲ್ಲಿ ಕಲಬುರಗಿಗೆ ಹಿಂತಿರುಗುತ್ತಿದ್ದೆವು. ಡಿಕ್ಕಿಯಲ್ಲಿ ಒಂದು ಚೀಲ ಜೋಳ, ಒಂದು ಚೀಲ ತೊಗರಿಬೇಳೆ. ಕಟ್ಟಿ ಸಂಗಾವಿಯ ಭೀಮಾ ಸೇತುವೆ ದಾಟಿದ್ದೆವು, ಫರಹತಾಬಾದ್ ಇನ್ನೂ ಬಂದಿರಲಿಲ್ಲ. ಎದುರಿನಿಂದ ಬರುತ್ತಿದ್ದ ಒಂದು ಬೈಕ್ ಇದ್ದಕ್ಕಿದ್ದಂತೆ ಡಾಂಬರು ಬಿಟ್ಟು ಮಣ್ಣಿಗಿಳಿಯಿತು. ಎರಡು ಸಲ ಹೊಯ್ದಾಡಿ ತೊಗರಿ ಸಾಲಿನ ಅಂಚಿನಲ್ಲಿ ನಿಂತಿತು. ನಾನು ಕಾರು ನಿಲ್ಲಿಸಿ ಓಡಿದೆ. ಇಪ್ಪತ್ತರ ಆಸುಪಾಸಿನ ಹುಡುಗ, ಹಿಂದೆ ಅವನ ತಾಯಿ, ಆಕೆಯ ಮಡಿಲಲ್ಲಿ ಬುತ್ತಿಯ ಗಂಟು. ಪುಣ್ಯಕ್ಕೆ ಯಾರಿಗೂ ಪೆಟ್ಟಾಗಿರಲಿಲ್ಲ.

“ಕಾಕಾ, ಸ್ವಲ್ಪ ಡಿಪ್ ಮಾಡಬಾರದೇ? ಏನೂ ಕಾಣಲಿಲ್ಲ” ಎಂದ ಹುಡುಗ. “ಡಿಪ್ಪಿನಲ್ಲಿಯೇ ಇದೆಯಪ್ಪಾ” ಎಂದೆ. ಡಿಪ್ ಎಂದರೆ ಎದುರಿನವರ ಕಣ್ಣಿಗೆ ಹೊಡೆಯದಂತೆ ತಗ್ಗಿಸಿದ ಬೆಳಕು, ಹೈ ಬೀಮ್ ಎಂದರೆ ದೂರಕ್ಕೆ ಹೊಡೆಯುವ ಬೆಳಕು. ಹುಡುಗ ನಂಬಲಿಲ್ಲ. ಕಾರಿನವರೆಗೂ ಬಂದು ಒಳಗೆ ಬಗ್ಗಿ ನೋಡಿದ. ಹೈ ಬೀಮ್ ಹಾಕಿದಾಗ ಮೀಟರಿನ ಪಕ್ಕದಲ್ಲಿ ಹೊತ್ತಿಕೊಳ್ಳುವ ನೀಲಿ ದೀಪ ಆರಿತ್ತು. ನನ್ನ ಮಾತು ನಿಜ, ಅವನ ಮಾತೂ ನಿಜ. ಆ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ.

ಹೈಸ್ಕೂಲಿನಲ್ಲಿ ಗಣಿತ ಕಲಿಸಿದವನು ನಾನು. ಹಾಗಾಗಿ ಮರುದಿನ ಬೆಳಿಗ್ಗೆ ಮೊದಲು ಕೈಗೆತ್ತಿಕೊಂಡದ್ದು ಪೆನ್ಸಿಲು, ಕಾಗದ. ನನ್ನ ಕಾರಿನ ಹೆಡ್‌ಲೈಟಿನ ನಡುಭಾಗ ನೆಲದಿಂದ 65 ಸೆಂಟಿಮೀಟರ್ ಎತ್ತರದಲ್ಲಿದೆ. ಡಿಪ್ಪಿನ ಬೆಳಕಿಗೆ ಮೇಲೊಂದು ಅಂಚಿರುತ್ತದೆ. ಅಂಚಿನ ಕೆಳಗೆ ಬೆಳಕು, ಮೇಲೆ ಕತ್ತಲು. ಆ ಅಂಚು ಮುಂದೆ ಹೋದಂತೆಲ್ಲ 100ಕ್ಕೆ 1ರಂತೆ ಕೆಳಗಿಳಿಯಬೇಕು. ಎಂದರೆ 10 ಮೀಟರ್ ದೂರದಲ್ಲಿ 10 ಸೆಂಟಿಮೀಟರ್, 50 ಮೀಟರ್ ದೂರದಲ್ಲಿ 50 ಸೆಂಟಿಮೀಟರ್. ಲೆಕ್ಕ ಸರಿಯಿದ್ದರೆ 50 ಮೀಟರ್ ದೂರದಲ್ಲಿ ನಿಂತವರಿಗೆ ಅಂಚು 15 ಸೆಂಟಿಮೀಟರ್ ಎತ್ತರದಲ್ಲಿ, ಕಾಲ್ಗೆಣ್ಣಿನ ಸ್ವಲ್ಪ ಮೇಲೆ ಬೀಳುತ್ತದೆ. ಈಗ ದೀಪ ಒಂದೇ ಒಂದು ಡಿಗ್ರಿ ಮೇಲಕ್ಕೆ ತಿರುಗಿದೆ ಎಂದುಕೊಳ್ಳಿ. ಅದೇ 50 ಮೀಟರಿನಲ್ಲಿ ಅಂಚು 87 ಸೆಂಟಿಮೀಟರ್ ಮೇಲಕ್ಕೇರಿ ಒಂದು ಮೀಟರ್ ದಾಟುತ್ತದೆ. 100 ಮೀಟರಿನಲ್ಲಿ ಸುಮಾರು 140 ಸೆಂಟಿಮೀಟರ್. ಬೈಕಿನ ಮೇಲೆ ಕುಳಿತವರ ಕಣ್ಣು ಇರುವುದು ಹೆಚ್ಚುಕಡಿಮೆ ಅಲ್ಲಿಯೇ. ಕೋನಮಾಪಕದಲ್ಲಿ ಒಂದು ಡಿಗ್ರಿಯೆಂದರೆ ಎರಡು ಗೆರೆಗಳ ನಡುವಿನ ಸಂದಿ, ಅಷ್ಟೇ.

ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಹೋಗುವವನ ಕಣ್ಣು ಮೂರು ಸೆಕೆಂಡು ಕತ್ತಲಿಟ್ಟರೆ ಅವನು 50 ಮೀಟರ್ ರಸ್ತೆಯನ್ನು ನೋಡದೆಯೇ ದಾಟಿರುತ್ತಾನೆ. ಆ 50 ಮೀಟರಿನಲ್ಲಿ ಹಿಂದೆ ಕೆಂಪು ದೀಪವಿಲ್ಲದ ಕಬ್ಬಿನ ಟ್ರ್ಯಾಕ್ಟರ್ ನಿಂತಿರಬಹುದು, ಚಕ್ಕಡಿ ಹೋಗುತ್ತಿರಬಹುದು. ವಯಸ್ಸಾದಂತೆ ಕಣ್ಣು ಆ ಝಳಪಿನಿಂದ ಚೇತರಿಸಿಕೊಳ್ಳಲು ಇನ್ನೂ ಹೆಚ್ಚು ಹೊತ್ತು ಬೇಕಾಗುತ್ತದೆ. ಇದನ್ನು ನನ್ನ ಸ್ವಂತ ಕಣ್ಣಿನಿಂದಲೇ ಬಲ್ಲೆ.

ಹೆಡ್‌ಲೈಟ್ ಸರಿಪಡಿಸುವುದು ಗ್ಯಾರೇಜಿನ ಕೆಲಸವೆಂದು ನಾವು ತಿಳಿದಿದ್ದೇವೆ. ಗ್ಯಾರೇಜಿನವರೂ ಮಾಡುತ್ತಾರೆ, ಅದಕ್ಕೆಂದೇ ಯಂತ್ರಗಳೂ ಇವೆ. ಆದರೆ ಒಂದು ಗೋಡೆ, ಒಂದು ಟೇಪು, ಒಂದು ಸೀಮೆಸುಣ್ಣ, ಒಂದು ಸ್ಟಾರ್ ಸ್ಕ್ರೂ ಡ್ರೈವರ್ ಮತ್ತು ಮನೆಯವರೊಬ್ಬರ ನೆರವು ಇದ್ದರೆ ಮುಸ್ಸಂಜೆಯ ಒಂದು ಗಂಟೆಯಲ್ಲಿ ಈ ಕೆಲಸ ಮನೆಯ ಮುಂದೆಯೇ ಆಗುತ್ತದೆ. ನಾನು ಮಾಡಿದ್ದನ್ನು ಮಾಡಿದ ಕ್ರಮದಲ್ಲಿಯೇ ಹೇಳುತ್ತೇನೆ.

ಮೊದಲು ಜಾಗ. ನಮ್ಮ ಅಂಗಳಗಳಿಗೆ ಶಹಾಬಾದ್ ಕಲ್ಲು ಹಾಸುವಾಗ ಮಳೆನೀರು ಹರಿದುಹೋಗಲೆಂದು ಗೌಂಡಿಗಳು ಸ್ವಲ್ಪ ಇಳಿಜಾರು ಕೊಟ್ಟಿರುತ್ತಾರೆ. ಇದರಿಂದ ಅಳತೆ ಕೆಡುವುದಿಲ್ಲವೇ ಎಂದು ನನಗೂ ಅನುಮಾನ ಬಂದಿತ್ತು. ಯೋಚಿಸಿ ನೋಡಿದರೆ ಕೆಡುವುದಿಲ್ಲ. ಕಾರು ನಿಂತ ಕಡೆಯಿಂದ ಗೋಡೆಯ ಬುಡದವರೆಗೂ ಇಳಿಜಾರು ಒಂದೇ ಸಮನಾಗಿದ್ದರೆ ಕಾರೂ ಅದೇ ಓರೆಯಲ್ಲಿ ನಿಂತಿರುತ್ತದೆ. ಎರಡೂ ಕಡೆ ನೆಲದಿಂದಲೇ ಅಳೆದರೆ ಲೆಕ್ಕ ಸರಿಹೋಗುತ್ತದೆ. ಕೆಡುವುದು ನೆಲ ನಡುವೆ ತಗ್ಗಿದ್ದರೆ ಅಥವಾ ಉಬ್ಬಿದ್ದರೆ. ಹಿಂದಿನ ಚಕ್ರದಿಂದ ಗೋಡೆಯವರೆಗೆ ನೆಲಕ್ಕೆ ಒತ್ತಿ ಒಂದು ದಾರವನ್ನು ಬಿಗಿಯಾಗಿ ಹಿಡಿಯಿರಿ. ದಾರದ ಕೆಳಗೆ ಎಲ್ಲಿಯೂ ಬೆರಳು ತೂರುವಷ್ಟು ಸಂದಿ ಕಾಣದಿದ್ದರೆ, ನಡುವೆ ಎಲ್ಲಿಯೂ ನೆಲ ದಾರವನ್ನು ಮೇಲಕ್ಕೆ ಎತ್ತದಿದ್ದರೆ ಜಾಗ ಸರಿಯಿದೆ. ಮನೆಯ ಮುಂದೆ ಅಂಥ ಜಾಗವಿಲ್ಲದವರು ಯಾವುದಾದರೂ ಗೋದಾಮಿನ ಅಥವಾ ಶಾಲೆಯ ಗೋಡೆಯನ್ನು ಕೇಳಿ ಪಡೆಯಬಹುದು.

ನಂತರ ಗಾಡಿ. ಚಕ್ರಗಳು ತಣ್ಣಗಿರುವಾಗ ಗಾಳಿ ಸರಿಯಾಗಿ ತುಂಬಿಸಿರಬೇಕು. ಎಷ್ಟು ತುಂಬಿಸಬೇಕೆಂದು ಸಾಮಾನ್ಯವಾಗಿ ಚಾಲಕನ ಬಾಗಿಲ ಬಳಿಯ ಚೀಟಿಯಲ್ಲಿ ಬರೆದಿರುತ್ತದೆ. ಡಿಕ್ಕಿ ಖಾಲಿಯಿರಲಿ, ಟ್ಯಾಂಕಿನಲ್ಲಿ ಅರ್ಧ ಇಂಧನವಿರಲಿ. ಚಾಲಕನ ಸೀಟಿನಲ್ಲಿ ಒಬ್ಬರು ಕುಳಿತಿರಲಿ. ಕಾರಿನ ಮೂತಿಯನ್ನು ಎರಡು ಮೂರು ಸಲ ಕೆಳಕ್ಕೆ ಒತ್ತಿ ಬಿಟ್ಟರೆ ಸ್ಪ್ರಿಂಗುಗಳು ತಮ್ಮ ಜಾಗಕ್ಕೆ ಬಂದು ಕೂರುತ್ತವೆ. ಅನೇಕ ಕಾರುಗಳಲ್ಲಿ ಸ್ಟೀರಿಂಗಿನ ಹತ್ತಿರ ಸೊನ್ನೆಯಿಂದ 3ರವರೆಗೆ ಅಂಕಿಗಳಿರುವ ಒಂದು ತಿರುಗಣೆ ಇರುತ್ತದೆ. ಅದು ಸೊನ್ನೆಯಲ್ಲಿರಬೇಕು. ಈ ತಿರುಗಣೆಯ ಮಾತಿಗೆ ಮತ್ತೆ ಬರುತ್ತೇನೆ.

ಕಾರನ್ನು ಗೋಡೆಗೆ ಮೂತಿ ತಾಗುವಷ್ಟು ಹತ್ತಿರ ತಂದು, ಎರಡೂ ಹೆಡ್‌ಲೈಟುಗಳ ನಡುಭಾಗಕ್ಕೆ ಸರಿಯಾಗಿ ಗೋಡೆಯ ಮೇಲೆ ಒಂದೊಂದು ಅಡ್ಡ-ಉದ್ದ ಗುರುತು ಹಾಕಿ. ಬಲ್ಬಿನ ನೇರಕ್ಕೆ ಗಾಜಿನ ಮೇಲೆ ಒಂದು ಸಣ್ಣ ಚುಕ್ಕೆ ಹಲವು ದೀಪಗಳಲ್ಲಿರುತ್ತದೆ, ಹುಡುಕಿ ನೋಡಿ. ಎರಡೂ ಗುರುತುಗಳನ್ನು ಸೇರಿಸಿ ಗೆರೆ ಎಳೆಯಿರಿ. ಈಗ ಕಾರನ್ನು ನೇರವಾಗಿ ಹಿಂದಕ್ಕೆ ತೆಗೆದುಕೊಳ್ಳಿ. 10 ಮೀಟರ್ ಸಿಕ್ಕರೆ ಒಳ್ಳೆಯದು. ನಮ್ಮ ಓಣಿಯಲ್ಲಿ ಸಿಕ್ಕದ್ದು 5 ಮೀಟರ್, ಅದೂ ಸಾಕು. ಎರಡೂ ದೀಪಗಳಿಂದ ಗೋಡೆಗೆ ಟೇಪು ಹಿಡಿದು ದೂರ ಸಮವಾಗಿದೆಯೇ ನೋಡಿ. ಇಲ್ಲದಿದ್ದರೆ ಕಾರು ಓರೆಯಾಗಿ ನಿಂತಿದೆ ಎಂದರ್ಥ. ಮೊದಲ ಗೆರೆಯ ಕೆಳಗೆ ಎರಡನೆಯ ಗೆರೆ: 10 ಮೀಟರಿಗೆ 10 ಸೆಂಟಿಮೀಟರ್ ಕೆಳಗೆ, 5 ಮೀಟರಿಗೆ 5 ಸೆಂಟಿಮೀಟರ್ ಕೆಳಗೆ. ಕೆಲವು ಹೆಡ್‌ಲೈಟುಗಳ ಮೇಲೆಯೇ ಶೇಕಡಾ 1 ಅಥವಾ 1.2 ಎಂದು ಅಚ್ಚು ಹಾಕಿರುತ್ತಾರೆ. ಹಾಗಿದ್ದರೆ ಆ ಅಂಕಿಯನ್ನೇ ಹಿಡಿಯಿರಿ.

ಕತ್ತಲಾಗುತ್ತಿದ್ದಂತೆ ಡಿಪ್ ಹಾಕಿ. ಒಂದು ದೀಪಕ್ಕೆ ಯಾರಾದರೂ ರಟ್ಟು ಅಡ್ಡ ಹಿಡಿಯಲಿ. ಬಟ್ಟೆ ಹೊದಿಸಬೇಡಿ, ಹಾಲೊಜೆನ್ ದೀಪ ಬಹಳ ಬಿಸಿಯಾಗುತ್ತದೆ. ಗೋಡೆಯ ಮೇಲೆ ಬಿದ್ದ ಬೆಳಕಿನ ಆಕಾರವನ್ನು ಗಮನವಿಟ್ಟು ನೋಡಿ. ಬಲಭಾಗದಲ್ಲಿ ಅಂಚು ಅಡ್ಡಪಟ್ಟಿ ಹಿಡಿದು ಗೆರೆ ಎಳೆದ ಹಾಗೆ ಸಮನಾಗಿರುತ್ತದೆ; ನಡುವೆ ಒಂದು ಕಡೆ ಮುರಿದು ಎಡಕ್ಕೆ ಮೇಲೇರುತ್ತದೆ. ನಮ್ಮ ದೇಶದಲ್ಲಿ ಎಡಬದಿಯಲ್ಲಿ ಗಾಡಿ ಓಡಿಸುತ್ತೇವಲ್ಲ, ಅದಕ್ಕೆ. ಎಡದ ಅಂಚಿನಲ್ಲಿ ನಡೆದು ಹೋಗುವವರು ದೂರದಿಂದಲೇ ಕಾಣಬೇಕು, ಬಲದಿಂದ ಎದುರು ಬರುವವರ ಕಣ್ಣಿಗೆ ಬೆಳಕು ಹೊಡೆಯಬಾರದು. ಈ ಎರಡೂ ಕಾಳಜಿ ಒಂದು ದೀಪದ ಆಕಾರದಲ್ಲಿ ಕೂಡಿಕೊಂಡಿರುವುದನ್ನು ಗೋಡೆಯ ಮೇಲೆ ಮೊದಲ ಸಲ ಕಂಡಾಗ ನನಗೆ ಬಹಳ ಸಂತೋಷವಾಯಿತು. ಬಲಭಾಗದ ಸಮ ಅಂಚು ಕೆಳಗಿನ ಗೆರೆಯ ಮೇಲೆ ಕೂರಬೇಕು. ಅಂಚು ಮುರಿಯುವ ಜಾಗ ಆ ದೀಪದ ಗುರುತಿನ ನೇರ ಕೆಳಗೆ ಬರಬೇಕು.

ನನ್ನ ಕಾರಿನ ಎಡದೀಪದ ಅಂಚು ಸ್ಪಷ್ಟವಾಗಿತ್ತು, ಆದರೆ ಗೆರೆಗಿಂತ ಮೂರು ಬೆರಳು ಮೇಲಿತ್ತು. ಬಲದೀಪಕ್ಕೆ ಅಂಚೇ ಇರಲಿಲ್ಲ. ಬೆಳಕು ಕಲಸಿದ ಹಿಟ್ಟಿನಂತೆ ಹರಡಿ ಗೆರೆಯಿಂದ ಒಂದು ಗೇಣು ಮೇಲಕ್ಕೆ ಹೋಗಿತ್ತು. ಸ್ಕ್ರೂ ಡ್ರೈವರ್ ಹಿಡಿದು ಬಗ್ಗಿದವನನ್ನು ನಮ್ಮ ಓಣಿಯ ಮಿಸ್ತ್ರಿಯೊಬ್ಬರು ತಡೆದರು. “ಸರ್, ಮೊದಲು ಬಲ್ಬು ನೋಡಿ, ಆಮೇಲೆ ಸ್ಕ್ರೂ” ಎಂದರು. ದೀಪ ಆರಿಸಿ, ತಣ್ಣಗಾದ ಮೇಲೆ ಹಿಂದಿನ ರಬ್ಬರ್ ಮುಚ್ಚಳ ತೆಗೆದೆವು. ನನ್ನದು ಎಚ್-4 ಬಲ್ಬು. ಅದರ ಕೊರಳಿನ ತಗಡಿಗೆ ಮೂರು ಕಿವಿಗಳಿರುತ್ತವೆ, ಮೇಲಿನದು ಅಗಲ, ಕೆಳಗಿನ ಎರಡು ಕಿರಿದು. ಮೂರೂ ತಮ್ಮ ತಮ್ಮ ಕಚ್ಚಿನಲ್ಲಿ ಕೂತ ಮೇಲೆಯೇ ತಂತಿಯ ಕ್ಲಿಪ್ ಹಾಕಬೇಕು. ಟಾರ್ಚ್ ಬಿಟ್ಟು ನೋಡಿದರೆ ಕೆಳಗಿನ ಒಂದು ಕಿವಿ ಕಚ್ಚಿನೊಳಗೆ ಇಳಿಯದೆ ಅಂಚಿನ ಮೇಲೆಯೇ ನಿಂತಿತ್ತು; ಓರೆಯಾಗಿ ಹೊಡೆದ ಮೊಳೆಯ ಹಾಗೆ ಬಲ್ಬು ವಾಲಿತ್ತು. ಎರಡು ತಿಂಗಳ ಹಿಂದೆ ರಸ್ತೆ ಬದಿಯ ಒಂದು ಅಂಗಡಿಯಲ್ಲಿ ಆ ಬಲ್ಬು ಹಾಕಿಸಿದ್ದೆ. ದೀಪ ಹೊತ್ತಿತು, ದುಡ್ಡು ಕೊಟ್ಟೆ, ಬಂದೆ. ಬೆಳಕು ಎಲ್ಲಿ ಬೀಳುತ್ತದೆ ಎಂದು ಅವರೂ ನೋಡಲಿಲ್ಲ, ನಾನೂ ನೋಡಲಿಲ್ಲ.

ಎಚ್-4 ಬಲ್ಬಿನಲ್ಲಿ ಹೈ ಬೀಮಿಗೆ ಒಂದು, ಡಿಪ್ಪಿಗೆ ಒಂದು, ಹೀಗೆ ಎರಡು ತಂತಿಗಳಿವೆ. ಡಿಪ್ಪಿನ ತಂತಿಯ ಕೆಳಗೆ ಉಗುರಿನಷ್ಟು ಸಣ್ಣ ತಗಡಿನ ಬಟ್ಟಲಿದೆ. ಕೆಳಕ್ಕೆ ಹೋಗುವ ಬೆಳಕನ್ನು ಅದು ತಡೆಯುತ್ತದೆ. ಆ ಬೆಳಕು ಪ್ರತಿಫಲಕಕ್ಕೆ ತಾಗಿದ್ದರೆ ಮೇಲಕ್ಕೆ ಚಿಮ್ಮಿ ಎದುರಿನವರ ಕಣ್ಣಿಗೆ ಹೋಗುತ್ತಿತ್ತು. ಗೋಡೆಯ ಮೇಲಿನ ಅಂಚು ಮೂಡುವುದು ಆ ಬಟ್ಟಲಿನಿಂದ. ಬಲ್ಬು ಒಂದು ಎಳ್ಳಷ್ಟು ಸರಿದರೂ ಅಂಚು ಅಳಿಸಿಹೋಗುತ್ತದೆ. ಈ ಕಾರಣಕ್ಕೇ ಹಾಲೊಜೆನ್ ಬಲ್ಬಿಗೆಂದು ಮಾಡಿದ ಹೆಡ್‌ಲೈಟಿಗೆ ಅಗ್ಗದ ಎಲ್‌ಇಡಿ ಬಲ್ಬು ತುರುಕುವುದನ್ನು ನಾನು ಒಪ್ಪುವುದಿಲ್ಲ. ಬೆಳಕು ಹುಟ್ಟುವ ಜಾಗ ಬದಲಾದ ಮೇಲೆ ಪ್ರತಿಫಲಕ ಅದನ್ನು ಎಲ್ಲೆಲ್ಲಿಗೋ ಎಸೆಯುತ್ತದೆ. ಯಾವ ಸ್ಕ್ರೂ ತಿರುಗಿಸಿದರೂ ಸರಿಹೋಗುವುದಿಲ್ಲ. ಹಾಕಿಸಿಕೊಂಡವರು ದಯವಿಟ್ಟು ತೆಗೆಸಿ. 55 ವಾಟಿನ ಡಿಪ್ ಸರಿಯಾಗಿ ಕೂತಿದ್ದರೆ ನಮ್ಮ ರಸ್ತೆಗಳಿಗೆ ಸಾಕಾಗುತ್ತದೆ. ಹೊಸ ಬಲ್ಬಿನ ಗಾಜನ್ನು ಬರಿಗೈಯಲ್ಲಿ ಮುಟ್ಟಬೇಡಿ, ಬೆರಳಿನ ಜಿಡ್ಡು ಅಂಟಿದ ಕಡೆ ಗಾಜು ಅತಿಯಾಗಿ ಕಾದು ಬಲ್ಬು ಬೇಗ ಹಾಳಾಗುತ್ತದೆ.

ಬಲ್ಬು ಕೂರಿಸಿ ಮತ್ತೆ ದೀಪ ಹಾಕಿದೆವು. ಗೋಡೆಯ ಮೇಲೆ ಅಂಚು ಮೂಡಿತು. ಇನ್ನು ಉಳಿದದ್ದು ಸ್ಕ್ರೂ ಕೆಲಸ. ಬಾನೆಟ್ ಎತ್ತಿದರೆ ಪ್ರತಿ ಹೆಡ್‌ಲೈಟಿನ ಬೆನ್ನಿಗೆ ಸಾಮಾನ್ಯವಾಗಿ ಎರಡು ಸ್ಕ್ರೂಗಳಿರುತ್ತವೆ. ಒಂದು ಬೆಳಕನ್ನು ಮೇಲೆ ಕೆಳಗೆ ಸರಿಸುತ್ತದೆ, ಇನ್ನೊಂದು ಎಡಕ್ಕೆ ಬಲಕ್ಕೆ. ಯಾವುದು ಎಲ್ಲಿದೆಯೆಂದು ಕಾರಿನ ಜೊತೆ ಬಂದ ಪುಸ್ತಕದಲ್ಲಿ ನೋಡಿಕೊಳ್ಳಿ. ತಿರುಗಿಸುವ ಮೊದಲು ಅದರ ತಲೆಯ ಮೇಲೆ ಸೀಮೆಸುಣ್ಣದ ಗುರುತು ಹಾಕಿ, ಎಷ್ಟು ಸುತ್ತು ತಿರುಗಿಸಿದಿರಿ ಎಂದು ಎಣಿಸಿ. ಅರ್ಧ ಸುತ್ತು ತಿರುಗಿಸಿ ಗೋಡೆ ನೋಡಿ, ಮತ್ತೆ ಅರ್ಧ ಸುತ್ತು. ಹಳೆಯ ಕಾರುಗಳಲ್ಲಿ ಈ ಪ್ಲಾಸ್ಟಿಕ್ ತುಂಡುಗಳು ಬಿಸಿಲಿಗೆ ಪೆಡಸಾಗಿರುತ್ತವೆ, ಬಲ ಹಾಕಿದರೆ ಮುರಿಯುತ್ತವೆ. ನಮ್ಮ ಮೇ ತಿಂಗಳ ಬಿಸಿಲಿಗೆ ದೀಪದ ಮುಂಭಾಗವೂ ಹಳದಿಯಾಗಿ ಮಬ್ಬಾಗುತ್ತದೆ. ಅದನ್ನು ಪಾಲಿಶ್ ಮಾಡಿಸಿದ ಮೇಲೆ ಅಳತೆಗೆ ಕೂತರೆ ಅಂಚು ಚೆನ್ನಾಗಿ ಕಾಣುತ್ತದೆ. ತಾನೇ ಮೇಲೆ ಕೆಳಗೆ ಸರಿದುಕೊಳ್ಳುವ ಹೊಸ ಬಗೆಯ ದೀಪಗಳಿರುವ ಕಾರುಗಳವರು ಸ್ಕ್ರೂ ಮುಟ್ಟದೆ ಸರ್ವಿಸ್ ಸೆಂಟರಿಗೆ ಹೋಗುವುದೇ ಸರಿ.

ಕೆಲಸ ಮುಗಿದ ಮೇಲೆ ಕಾನೂನಿನ ಅಳತೆಯಲ್ಲೂ ಒಮ್ಮೆ ಪರೀಕ್ಷಿಸಿದೆ. 1989ರ ಕೇಂದ್ರ ಮೋಟಾರು ವಾಹನ ನಿಯಮಗಳಲ್ಲಿ 106ನೆಯ ನಿಯಮ ಇದರ ಬಗ್ಗೆಯೇ ಇದೆ. ದೀಪದಿಂದ 8 ಮೀಟರ್ ಮುಂದೆ, ಗಾಡಿಯ ಬಲತುದಿಯಿಂದ ಅರ್ಧ ಮೀಟರ್ ಆಚೆ, ನೆಲದಿಂದ ಒಂದೂವರೆ ಮೀಟರ್ ಎತ್ತರದಲ್ಲಿ ಕಣ್ಣಿರುವ ವ್ಯಕ್ತಿಗೆ ಬೆಳಕು ಕೋರೈಸಬಾರದು ಎನ್ನುತ್ತದೆ ಅದು. ಗೋಡೆಯ ಮುಂದಿನಿಂದ ಕಾರನ್ನು ಓಣಿಯ ಉದ್ದಕ್ಕೆ ತಿರುಗಿಸಿ ನಿಲ್ಲಿಸಿ, ಟೇಪು ಹಿಡಿದು ಆ ಜಾಗ ಗುರುತಿಸಿ, ನನ್ನ ಹೆಂಡತಿಯನ್ನು ಅಲ್ಲಿ ನಿಲ್ಲಿಸಿದೆ. ಆಕೆಯ ಕಣ್ಣಿನ ಎತ್ತರ ಹೆಚ್ಚುಕಡಿಮೆ ಅಷ್ಟೇ. “ದೀಪ ಉರಿಯುವುದು ಕಾಣುತ್ತದೆ, ನಿಮ್ಮ ಮುಖವೂ ಕಾಣುತ್ತದೆ” ಎಂದಳು.

ಇಷ್ಟಾದರೂ ಆ ರಾತ್ರಿಯ ತಪ್ಪಿನಲ್ಲಿ ಒಂದು ಪಾಲು ಉಳಿದಿತ್ತು. ನನ್ನ ಕಾರಿನ ಮುಂದಿನ ಹಿಂದಿನ ಚಕ್ರಗಳ ನಡುವೆ ಸುಮಾರು ಎರಡೂವರೆ ಮೀಟರ್ ಅಂತರವಿದೆ. ಹಿಂದೆ ಭಾರ ಬಿದ್ದು ಬಾಲ ಎರಡೂವರೆ ಸೆಂಟಿಮೀಟರ್ ತಗ್ಗಿದರೆ ಸಾಕು, ಮೂತಿ 100ಕ್ಕೆ 1ರಂತೆ ಮೇಲೆದ್ದು, ಗೋಡೆಯ ಮುಂದೆ ಶ್ರಮಪಟ್ಟು ಕೂರಿಸಿದ ಇಳಿತವೆಲ್ಲ ಇಲ್ಲವಾಗುತ್ತದೆ. ಹಿಂದಿನ ಸೀಟಿನಲ್ಲಿ ಮೂವರು, ಡಿಕ್ಕಿಯಲ್ಲಿ ಎರಡು ಚೀಲ ಇದ್ದಾಗ ಎರಡೂವರೆ ಸೆಂಟಿಮೀಟರ್ ಏನೂ ಹೆಚ್ಚಲ್ಲ. ಆ ತಿರುಗಣೆ ಇರುವುದು ಇದಕ್ಕಾಗಿಯೇ. ಅಂಕಿ ಹೆಚ್ಚಿಸಿದಷ್ಟೂ ಬೆಳಕು ಕೆಳಗಿಳಿಯುತ್ತದೆ. ಎಷ್ಟು ಭಾರಕ್ಕೆ ಯಾವ ಅಂಕಿ ಎಂಬುದು ಕಾರಿನ ಪುಸ್ತಕದಲ್ಲಿದೆ. ಕಾರು ಕೊಂಡು ಆರು ವರ್ಷವಾಗಿದ್ದರೂ ನಾನು ಅದನ್ನು ಒಮ್ಮೆಯೂ ತಿರುಗಿಸಿರಲಿಲ್ಲ.

ಈಗ ಗಾಣಗಾಪುರಕ್ಕೆ ಮನೆಮಂದಿಯೆಲ್ಲ ಹೊರಟಾಗ, ಎಳ್ಳ ಅಮಾವಾಸ್ಯೆಗೆ ತಂಗಿಯ ಹೊಲದಿಂದ ಚೀಲ ಹೇರಿಕೊಂಡು ಬರುವಾಗ, ಕೀಲಿ ತಿರುಗಿಸುವ ಮೊದಲು ಅದನ್ನು 2ಕ್ಕೆ ಇಡುತ್ತೇನೆ. ಮನೆ ತಲುಪಿ ಚೀಲ ಇಳಿಸಿದ ಮೇಲೆ ಮತ್ತೆ ಸೊನ್ನೆಗೆ ತರುತ್ತೇನೆ. ಗೋಡೆಯ ಮೇಲಿನ ಎರಡು ಗೆರೆಗಳನ್ನು ಸುಣ್ಣ ಬಳಿಸುವಾಗಲೂ ಅಳಿಸಗೊಡಲಿಲ್ಲ. ಓಣಿಯ ಇನ್ನೂ ಮೂರು ಕಾರುಗಳು ಈ ವರ್ಷ ಅದೇ ಗೋಡೆಯ ಮುಂದೆ ನಿಂತು ಹೋಗಿವೆ.

ನಮಸ್ಕಾರ.