ಕೆನೆಸಾ ಮೌಂಟನ್ ಲ್ಯಾಂಡಿಸ್: ಅಪೀಲಲ್ಲಿ ನಿಲ್ಲದ ತೀರ್ಪುಗಳು

ಎಲ್ಲರಿಗೂ ನಮಸ್ಕಾರ. ಇವತ್ತು ಅಮೆರಿಕದ ಒಬ್ಬ ಜಡ್ಜ್ ಬಗ್ಗೆ ಮಾತಾಡ್ತೀನಿ, ಹೆಸರು ಕೆನೆಸಾ ಮೌಂಟನ್ ಲ್ಯಾಂಡಿಸ್. ಅದು ಜಾರ್ಜಿಯಾದ ಒಂದು ಬೆಟ್ಟದ ಹೆಸರು. ಅಮೆರಿಕದ ಅಂತರ್ಯುದ್ಧದಲ್ಲಿ ಇವರ ತಂದೆ ಸೈನ್ಯದ ಡಾಕ್ಟರ್, ಆ ಬೆಟ್ಟದ ಕಾಳಗದಲ್ಲಿ ಕಾಲಿಗೆ ಪೆಟ್ಟಾಯ್ತು, ಎರಡು ವರ್ಷ ಬಿಟ್ಟು 1866ರಲ್ಲಿ ಹುಟ್ಟಿದ ಮಗನಿಗೆ ಅದೇ ಹೆಸರಿಟ್ರು.

ಲಾ ಓದ್ತಿರೋ ಮಕ್ಕಳು, ಸಿವಿಲ್ ಜಡ್ಜ್ ಪರೀಕ್ಷೆಗೆ ತಯಾರಾಗ್ತಿರೋರು ಕೇಳ್ತಿದ್ರೆ ಸ್ವಲ್ಪ ವಾಲ್ಯೂಮ್ ಜಾಸ್ತಿ ಮಾಡ್ಕೊಳ್ಳಿ, ನಾನು ಬಂದಿರೋದೇ ನಿಮಗೋಸ್ಕರ. ಹೇಳೋದು ಒಂದೇ ಮಾತು. ಒಂದು ತೀರ್ಪು ಬಂದ ದಿನ ಪೇಪರಲ್ಲಿ ಎಷ್ಟು ದೊಡ್ಡದಾಗಿ ಬಂತು ಅಂತ ನೋಡ್ಬೇಡಿ, ಅಪೀಲಲ್ಲಿ ನಿಲ್ತಾ ಅಂತ ನೋಡಿ.

ಲ್ಯಾಂಡಿಸ್ ಹೈಸ್ಕೂಲನ್ನ ಅರ್ಧಕ್ಕೇ ಬಿಟ್ಟವರು. ಶಾರ್ಟ್‌ಹ್ಯಾಂಡ್ ಕಲಿತು ಕೋರ್ಟಲ್ಲಿ ನಡಾವಳಿ ಬರ್ಕೊಳ್ತಿದ್ರು, ಆಮೇಲೆ 1891ರಲ್ಲಿ ಷಿಕಾಗೋದಲ್ಲಿ ಲಾ ಡಿಗ್ರಿ ತಗೊಂಡ್ರು. 1905ರಲ್ಲಿ ಪ್ರೆಸಿಡೆಂಟ್ ಥಿಯೋಡರ್ ರೂಸ್‌ವೆಲ್ಟ್ ಅವರನ್ನ ಷಿಕಾಗೋದಲ್ಲಿ ಫೆಡರಲ್ ಜಿಲ್ಲಾ ಜಡ್ಜ್ ಮಾಡಿದ್ರು. ಅಲ್ಲಿ ರಾಜ್ಯದ ಕೋರ್ಟುಗಳೇ ಬೇರೆ, ಕೇಂದ್ರದ ಕೋರ್ಟುಗಳೇ ಬೇರೆ, ಈ ಕೇಂದ್ರದ ಜಡ್ಜ್‌ಗಳನ್ನೇ ಫೆಡರಲ್ ಜಡ್ಜ್ ಅನ್ನೋದು. ಪ್ರೆಸಿಡೆಂಟ್ ಹೆಸರು ಹೇಳ್ಬೇಕು, ಸೆನೆಟ್ ಒಪ್ಪಬೇಕು, ಒಪ್ಪಿದ್ರೆ ಹುದ್ದೆ ಜೀವನಪೂರ್ತಿ.

ಈಗ ಸ್ಟ್ಯಾಂಡರ್ಡ್ ಆಯಿಲ್ ಕೇಸಿಗೆ ಬರ್ತೀನಿ, ಇದನ್ನ ನಾನು ಎಷ್ಟು ಸಲ ಹೇಳಿದ್ರೂ ನನಗೇ ಬೇಜಾರಾಗಲ್ಲ. ಎಣ್ಣೆ ಉದ್ಯಮಿ ರಾಕ್‌ಫೆಲ್ಲರ್ ಅವರ ಸ್ಟ್ಯಾಂಡರ್ಡ್ ಆಯಿಲ್‌ನ ಇಂಡಿಯಾನಾ ಶಾಖಾ ಕಂಪನಿ, ಅಲ್ಲಿನ ವೈಟಿಂಗ್‌ನಿಂದ ಈಸ್ಟ್ ಸೇಂಟ್ ಲೂಯಿಸ್‌ಗೆ ರೈಲಲ್ಲಿ ಎಣ್ಣೆ ಕಳಿಸ್ತಿತ್ತು. ಪ್ರಕಟವಾದ ದರ ನೂರು ಪೌಂಡಿಗೆ 18 ಸೆಂಟ್, ಇವರು ಕೊಡ್ತಿದ್ದಿದ್ದು ಬರೀ 6. ದೊಡ್ಡ ಗಿರಾಕಿ ಅಂತ ರೈಲ್ವೆಯವರು ಗುಟ್ಟಾಗಿ ಹೀಗೆ ದರ ಇಳಿಸೋದು 1903ರ ಎಲ್ಕಿನ್ಸ್ ಕಾಯ್ದೆ ಪ್ರಕಾರ ಅಪರಾಧ. ಕಂಪನಿ ತಪ್ಪಿತಸ್ಥ ಅಂತಾಯ್ತು. ದಂಡ ಹಾಕೋ ಮುಂಚೆ ಲ್ಯಾಂಡಿಸ್ ಏನ್ಮಾಡಿದ್ರು ಗೊತ್ತಾ, ಕಂಪನಿಗೆ ಕೊಡೋ ಶಕ್ತಿ ಎಷ್ಟಿದೆ ತಿಳ್ಕೋಬೇಕು ಅಂತ ರಾಕ್‌ಫೆಲ್ಲರ್‌ಗೇ ಸಮನ್ಸ್ ಕಳಿಸಿದ್ರು, ಆ ಕಾಲಕ್ಕೆ ಅಮೆರಿಕದ ಅತಿ ದೊಡ್ಡ ಶ್ರೀಮಂತ, 1907ರ ಜುಲೈ ಸೆಕೆಯಲ್ಲಿ ಷಿಕಾಗೋ ಕೋರ್ಟಿಗೆ ಬಂದು ಸಾಕ್ಷಿ ಕಟ್ಟೆ ಹತ್ತಬೇಕಾಯ್ತು, ನೋಡೋಕೆ ಜನವೋ ಜನ. ನನಗೀಗ ಹೆಚ್ಚಿಗೇನೂ ಗೊತ್ತಿಲ್ಲ, ವ್ಯವಹಾರ ಬಿಟ್ಟು ವರ್ಷಗಳಾಯ್ತು ಅನ್ನೋ ಧಾಟಿಯಲ್ಲೇ ಅವರು ಉತ್ತರ ಕೊಟ್ರು. ಆಗಸ್ಟಲ್ಲಿ ದಂಡ ಬಂತು. 1,462 ವ್ಯಾಗನ್, ಒಂದೊಂದು ವ್ಯಾಗನ್ನೂ ಒಂದೊಂದು ಅಪರಾಧ, ಒಂದೊಂದಕ್ಕೂ ಗರಿಷ್ಠ ದಂಡ 20,000 ಡಾಲರ್, ಒಟ್ಟು 2,92,40,000 ಡಾಲರ್! ಒಂದು ಕಂಪನಿಗೆ ಅಷ್ಟು ದಂಡ ಅಲ್ಲಿತನಕ ಯಾರೂ ಕಂಡಿರಲಿಲ್ಲ. ದೇಶದ ಪೇಪರಲ್ಲೆಲ್ಲಾ ಲ್ಯಾಂಡಿಸ್ ಫೋಟೋ.

ಸುದ್ದಿ ತಲುಪಿದಾಗ ರಾಕ್‌ಫೆಲ್ಲರ್ ಗಾಲ್ಫ್ ಆಡ್ತಿದ್ರಂತೆ. ಈ ದಂಡ ಕಟ್ಟೋ ಹೊತ್ತಿಗೆ ಲ್ಯಾಂಡಿಸ್ ಸತ್ತು ಬಹಳ ಕಾಲ ಆಗಿರತ್ತೆ ಅಂತ ಹೇಳಿ ಆಟ ಮುಂದುವರಿಸಿದ್ರು ಅಂತಾರೆ. 1908ರಲ್ಲಿ ಅಪೀಲ್ ಕೋರ್ಟ್ ದಂಡ ರದ್ದು ಮಾಡ್ತು. ಅಪರಾಧವನ್ನ ವ್ಯಾಗನ್ ಲೆಕ್ಕದಲ್ಲಿ ಎಣಿಸಿದ್ದೇ ತಪ್ಪು, ಕಟಕಟೆಯಲ್ಲಿರೋ ಇಂಡಿಯಾನಾ ಕಂಪನಿಯ ಬಂಡವಾಳ 10 ಲಕ್ಷ ಡಾಲರ್, ನೀವು ಕೋರ್ಟಲ್ಲೇ ಇಲ್ಲದ ತಾಯಿ ಕಂಪನಿಯ ದುಡ್ಡು ನೋಡಿ ದಂಡ ಹಾಕಿದೀರಿ ಅಂತು. ಕೇಸು ಮತ್ತೆ ಬೇರೆ ಜಡ್ಜ್ ಮುಂದೆ ಬಂತು, ಕಂಪನಿ ಖುಲಾಸೆ. ಒಂದು ಸೆಂಟೂ ಸರ್ಕಾರಕ್ಕೆ ಬರಲಿಲ್ಲ. ಗುಟ್ಟು ದರ ಇದ್ದಿದ್ದು ನಿಜ, ಲೆಕ್ಕ ಸರಿಯಾಗಿ ಹಾಕಿದ್ರೆ ಸಣ್ಣ ದಂಡನಾದ್ರೂ ಉಳೀಬಹುದಿತ್ತು, ನನ್ನ ಸಿಟ್ಟು ಅದಕ್ಕೇ. ಅಪೀಲಲ್ಲಿ ನಿಲ್ಬೇಕು ರೀ!

ಟೈಮ್ ಇಲ್ಲ, ಬೇಗ ಬೇಗ ಹೇಳ್ತೀನಿ. ಮೊದಲ ಮಹಾಯುದ್ಧದ ವಿರುದ್ಧ ಮಾತಾಡಿದ್ದಕ್ಕೆ ಮಿಲ್ವಾಕಿಯ ಸೋಷಲಿಸ್ಟ್ ನಾಯಕ ವಿಕ್ಟರ್ ಬರ್ಗರ್‌ಗೆ ಲ್ಯಾಂಡಿಸ್ 20 ವರ್ಷ ಜೈಲು ವಿಧಿಸಿದ್ರು. ಈ ಜಡ್ಜ್‌ಗೆ ಜರ್ಮನ್ ಮೂಲದವರನ್ನ ಕಂಡ್ರೆ ಆಗಲ್ಲ, ಕೇಸ್ ಬೇರೆಯವರಿಗೆ ಕೊಡಿ ಅಂತ ಬರ್ಗರ್ ಕಡೆಯವರು ಮೊದಲೇ ಅಫಿಡವಿಟ್ ಹಾಕಿದ್ರು, ಇವರು ಬಿಟ್ಟುಕೊಡಲಿಲ್ಲ. 1921ರಲ್ಲಿ ಸುಪ್ರೀಂ ಕೋರ್ಟ್ ಅದನ್ನೂ ರದ್ದು ಮಾಡ್ತು, ನೀವು ಆ ಕೇಸಿಂದ ಹಿಂದೆ ಸರೀಬೇಕಿತ್ತು ಅಂತ.

ಅಷ್ಟರಲ್ಲಿ ಅವರಿಗೆ ಅಪೀಲೇ ಇಲ್ಲದ ಒಂದು ಕುರ್ಚಿ ಸಿಕ್ಕಿತ್ತು. 1919ರ ವರ್ಲ್ಡ್ ಸೀರೀಸ್‌ನಲ್ಲಿ, ಅಂದ್ರೆ ಅಮೆರಿಕದ ಬೇಸ್‌ಬಾಲ್ ಫೈನಲ್ ಸರಣಿಯಲ್ಲಿ, ಷಿಕಾಗೋ ವೈಟ್ ಸಾಕ್ಸ್ ಆಟಗಾರರು ಜೂಜುಕೋರರ ದುಡ್ಡಿಗೆ ಬೇಕಂತಲೇ ಸೋತ್ರು ಅಂತ ಗುಲ್ಲೆದ್ದು, ಆಟದ ಮಾನ ಉಳಿಸೋಕೆ ಟೀಮ್ ಮಾಲೀಕರು 1920ರಲ್ಲಿ ಇವರನ್ನ ಕಮಿಷನರ್, ಅಂದ್ರೆ ಇಡೀ ಆಟದ ಮುಖ್ಯಸ್ಥ, ಮಾಡಿದ್ರು, ನೀವು ಏನು ಹೇಳಿದ್ರೂ ಕೋರ್ಟಿಗೆ ಹೋಗಲ್ಲ ಅಂತ ಬರೆದುಕೊಟ್ರು. ಜಡ್ಜ್ ಕೆಲಸವನ್ನೂ 1922ರ ತನಕ ಬಿಡಲಿಲ್ಲ, ಎರಡೂ ಕಡೆ ಸಂಬಳ, ವಕೀಲರ ಸಂಘ ಖಂಡಿಸಿತು. 1921ರ ಆಗಸ್ಟಲ್ಲಿ ಜ್ಯೂರಿ ವಿಚಾರಣೆಗೆ ಬಂದ ಆಟಗಾರರನ್ನ ನಿರ್ದೋಷಿ ಅಂತು, ಮಾರನೇ ದಿನವೇ ಲ್ಯಾಂಡಿಸ್ ಆರೋಪ ಬಂದಿದ್ದ ಎಂಟೂ ಜನರನ್ನ ಜೀವನಪರ್ಯಂತ ಹೊರಗೆ ಹಾಕಿದ್ರು.

1944ರಲ್ಲಿ ಸಾಯೋ ತನಕ ಅದೇ ಕುರ್ಚಿಯಲ್ಲಿದ್ರು. ಅಷ್ಟು ವರ್ಷ ಒಬ್ಬ ಕಪ್ಪು ಆಟಗಾರನೂ ಬೇಸ್‌ಬಾಲ್‌ನ ಅತಿ ಮೇಲಿನ ಮಟ್ಟವಾದ ಮೇಜರ್ ಲೀಗಲ್ಲಿ ಆಡಲಿಲ್ಲ, ಕಪ್ಪು ಆಟಗಾರ ಜಾಕಿ ರಾಬಿನ್ಸನ್ ಬಂದಿದ್ದು 1947ರಲ್ಲಿ. ಆ ಎಂಟು ಜನರಲ್ಲಿ ಒಬ್ಬರು ಶೂಲೆಸ್ ಜೋ ಜಾಕ್ಸನ್, ಅವರು 1951ರಲ್ಲಿ ತೀರಿಹೋದ್ರು. ನಿಷೇಧದ ಪಟ್ಟಿಯಿಂದ ಅವರ ಹೆಸರು ತೆಗೆದಿದ್ದು 2025ರಲ್ಲಿ.