ಇಪ್ಪತ್ತು ವರ್ಷ ಬೀಗ ಬಿದ್ದಿದ್ದ ‘ಕಮಿಸಾರ್’

ಕೇಳುಗರೆಲ್ಲರಿಗೂ ನಮಸ್ಕಾರ.

ಇಡೀ ಜೀವನದಲ್ಲಿ ಒಂದೇ ಒಂದು ಕಥಾಚಿತ್ರ ಮಾಡಿದ ನಿರ್ದೇಶಕರೊಬ್ಬರ ಬಗ್ಗೆ ಇವತ್ತು ಮಾತಾಡೋಣ. ಹೆಸರು ಅಲೆಕ್ಸಾಂಡರ್ ಅಸ್ಕೋಲ್ದೊವ್, ಸೋವಿಯತ್ ಒಕ್ಕೂಟದವರು. ಅವರ ‘ಕಮಿಸಾರ್’ ಸಿದ್ಧವಾಗಿದ್ದು 1967ರಲ್ಲಿ. ಜನ ನೋಡಿದ್ದು 1987ರಲ್ಲಿ!

ಮೂಲ ಕಥೆ ವಸೀಲಿ ಗ್ರಾಸ್‌ಮನ್ ಅವರದು. ರಷ್ಯಾದ ಅಂತರ್ಯುದ್ಧದ ಕಾಲ. ಕ್ರಾಂತಿಕಾರಿಗಳ ಕೆಂಪು ಸೇನೆಯ ಕಮಿಸಾರ್, ಅಂದರೆ ರಾಜಕೀಯ ಅಧಿಕಾರಿ, ಕ್ಲಾವ್ದಿಯಾ ತುಂಬು ಬಸುರಿ. ಹೆರಿಗೆ ಆಗುವ ತನಕ ಅವಳಿಗೆ ಪಾತ್ರೆ ರಿಪೇರಿ ಮಾಡುವ ಬಡ ಯಹೂದಿ ಯೆಫಿಮ್‌ನ ಮನೆಯಲ್ಲಿ ಜಾಗ ಮಾಡಿಕೊಡುತ್ತಾರೆ. ಅಲ್ಲಿ ಮೊದಲೇ ಆರು ಮಕ್ಕಳು. ಯೆಫಿಮ್ ಗೊಣಗುತ್ತಾನೆ. ಅವನ ಹೆಂಡತಿ ಮರಿಯಾ ಮಾತ್ರ, ಬಂದವಳು ಬಸುರಿ ಅಂತ ಗೊತ್ತಾದದ್ದೇ ತಡ, ಬಾಣಂತನಕ್ಕೆ ಸೆರಗು ಕಟ್ಟಿ ನಿಲ್ಲುತ್ತಾಳೆ.

ಊರಿನ ಮೇಲೆ ಶೆಲ್ ಬೀಳುತ್ತಿರುವಾಗ ಎಲ್ಲರೂ ನೆಲಮಾಳಿಗೆ ಸೇರುತ್ತಾರೆ. ಮಕ್ಕಳಿಗೆ ಜೀವ ಬಾಯಿಗೆ ಬಂದಿದೆ. ಆಗ ಯೆಫಿಮ್ ಕುಣಿಯಲು ಶುರು ಮಾಡುತ್ತಾನೆ, ಮಕ್ಕಳೂ ಸೇರಿಕೊಳ್ಳುತ್ತಾರೆ. ಅದೇ ಹೊತ್ತಿಗೆ ಕ್ಲಾವ್ದಿಯಾಗೆ ಮುಂದಿನದು ಕಾಣಿಸುತ್ತದೆ: ಇದೇ ಕುಟುಂಬ ಎದೆಯ ಮೇಲೆ ನಕ್ಷತ್ರದ ಗುರುತು ಹೊತ್ತು, ನಾಜಿಗಳ ಸಾವಿನ ಶಿಬಿರದೊಳಗೆ ನಡೆದು ಹೋಗುತ್ತಿದೆ.

ಅಧಿಕಾರಿಗಳು ಹಿಡಿದುಕೊಂಡಿದ್ದು ಇದನ್ನೇ. 1967 ಅಂದರೆ ರಷ್ಯಾದ ಕ್ರಾಂತಿಯ ಐವತ್ತನೇ ವರ್ಷದ ಸಂಭ್ರಮ. ಜೂನ್‌ನಲ್ಲಿ ಅರಬ್-ಇಸ್ರೇಲ್ ಯುದ್ಧ ಬೇರೆ ಆಗಿತ್ತು, ಸೋವಿಯತ್ ಸರ್ಕಾರ ಅರಬ್ಬರ ಕಡೆಗಿತ್ತು. ಯಹೂದಿಗಳ ನೋವು ಯಾರಿಗೂ ಬೇಕಿರಲಿಲ್ಲ. ದೃಶ್ಯ ಕತ್ತರಿಸಿ ಅಂದರು. ಅಸ್ಕೋಲ್ದೊವ್ ಒಪ್ಪಲಿಲ್ಲ. ಹೇಗೆ ಒಪ್ಪಿಯಾರು? 1937ರಲ್ಲಿ ಸ್ಟಾಲಿನ್‌ನ ಪೊಲೀಸರು ಅವರ ತಂದೆಯನ್ನು ಹಿಡಿದುಕೊಂಡು ಹೋದಾಗ, ಐದು ವರ್ಷದ ಆ ಹುಡುಗನನ್ನು ಮನೆಗೆ ಸೇರಿಸಿಕೊಂಡಿದ್ದು ಒಂದು ಯಹೂದಿ ಕುಟುಂಬ.

ಚಿತ್ರಕ್ಕೆ ಬೀಗ ಬಿತ್ತು. ಅಸ್ಕೋಲ್ದೊವ್ ಅವರ ಕೆಲಸ ಹೋಯಿತು, ಕಮ್ಯುನಿಸ್ಟ್ ಪಕ್ಷದಿಂದಲೂ ಹೊರಹಾಕಿದರು. ಗೊರ್ಬಚೆವ್ ದೇಶದ ನಾಯಕರಾಗಿ ಬಂದ ಮೇಲೆ ಬೇರೆ ನಿಷೇಧಿತ ಚಿತ್ರಗಳು ಹೊರಗೆ ಬಂದರೂ ಇದು ಬರಲಿಲ್ಲ. 1987ರ ಮಾಸ್ಕೋ ಚಿತ್ರೋತ್ಸವದ ಪತ್ರಿಕಾಗೋಷ್ಠಿಯಲ್ಲಿ ಅಸ್ಕೋಲ್ದೊವ್ ಎದ್ದು ನಿಂತು ತಮ್ಮ ಚಿತ್ರದ ಮಾತೆತ್ತಿದರು. ಆಮೇಲಷ್ಟೇ ಪ್ರದರ್ಶನವಾಯಿತು. ಮರುವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿ ಬಂತು. ಹಾಕಿದ ಬೀಗ ತೆಗೆದದ್ದಕ್ಕೆ ಚಪ್ಪಾಳೆ ತಟ್ಟಿದರು, ಸರಿ. ಆದರೆ ಮೂವತ್ತೈದರಿಂದ ಐವತ್ತೈದರ ತನಕ ಅವರು ಮಾಡಬಹುದಾಗಿದ್ದ ಚಿತ್ರಗಳನ್ನು ಯಾವ ಪ್ರಶಸ್ತಿ ತಂದುಕೊಡುತ್ತೆ? 2018ರಲ್ಲಿ ತೀರಿಕೊಂಡರು. ಎರಡನೇ ಚಿತ್ರ ಆಗಲೇ ಇಲ್ಲ.

ಸಿಕ್ಕರೆ ನೋಡಿ. ಹೆರಿಗೆ ನೋವಿನ ನಡುವೆ ಸೈನಿಕರು ಬರೀ ಮರಳನ್ನು ಕೊಯ್ಯುವ ಒಂದು ಕನಸು ಬರುತ್ತದೆ. ನನಗಂತೂ ಅದು ಸ್ವಲ್ಪ ಜಾಸ್ತಿ ಉದ್ದ ಅನ್ನಿಸಿತು. ಅಲ್ಲಿ ಎದ್ದು ಹೋಗಬೇಡಿ, ನೆಲಮಾಳಿಗೆ ಇನ್ನೂ ಮುಂದಿದೆ. ನಮಸ್ಕಾರ.